ಹೆಂಡತಿ ಎದುರು ಚುನಾವಣೆಗೆ ನಿಂತು ಸೋತ ಗಂಡ: ಜಾಕ್ಸನ್ ಊರಿನ ಕಥೆ ಗೊತ್ತಾ?

ಗಾಳಿಪಟ:
ಹೋದ ತಿಂಗಳು ಡೆನ್ವರ್‌ನಿಂದ ಯೆಲ್ಲೋಸ್ಟೋನ್ ನೋಡಲು ಹೊರಟಿದ್ದೆವು. ನಾನು, ನಮ್ಮ ಯಜಮಾನರು, ಊರಿನಿಂದ ಬಂದಿರುವ ಅತ್ತೆ. ದಾರಿಯಲ್ಲಿ ವಯೋಮಿಂಗ್ ರಾಜ್ಯದ ಜಾಕ್ಸನ್‌ನಲ್ಲಿ ಎರಡು ರಾತ್ರಿ ಉಳಿದೆವು. ಈಗ ಅದು ದುಡ್ಡಿರುವವರ ಊರು. ಚೌಕದ ನಾಲ್ಕು ಮೂಲೆಯಲ್ಲೂ ಎಲ್ಕ್ ಜಿಂಕೆಯ ಕೊಂಬು ಒಟ್ಟಿ ಕಟ್ಟಿದ ಕಮಾನು, ಅದರ ಕೆಳಗೆ ಫೋಟೋ ತೆಗೆಸಿಕೊಳ್ಳುವವರ ಸಾಲು. ನಾವೂ ನಿಂತೆವು.

ಆಮೇಲೆ ಒಂದು ಅಂಗಡಿ ಗೋಡೆಯ ಮೇಲೆ ಹಳೇ ಫೋಟೋ ಕಂಡಿತು. ಐದು ಜನ ಹೆಂಗಸರು ಸಾಲಾಗಿ ನಿಂತಿದ್ದಾರೆ. ಯಾವುದೋ ಮಹಿಳಾ ಸಮಾಜ ಇರಬೇಕು ಅಂದುಕೊಂಡೆ. ಓದಿ ನೋಡಿದರೆ 1920ರ ಟೌನ್ ಕೌನ್ಸಿಲ್! ಮೇಯರ್ ಗ್ರೇಸ್ ಮಿಲ್ಲರ್. ಸದಸ್ಯರು ರೋಸ್ ಕ್ರ್ಯಾಬ್‌ಟ್ರೀ, ಮೇ ಡಿಲೋನಿ, ಜೆನವೀವ್ ವ್ಯಾನ್ ವ್ಲೆಕ್, ಫೌಸ್ಟೀನಾ ಹೇಟ್. ಐದಕ್ಕೆ ಐದೂ ಹೆಂಗಸರೇ.

ಮಜಾ ಇರುವುದು ಇನ್ನು ಮುಂದೆ. ರೋಸ್ ಸೋಲಿಸಿದ್ದು ತನ್ನ ಗಂಡ ಹೆನ್ರಿಯನ್ನೇ. ಆಕೆಗೆ 50 ಮತ, ಆತನಿಗೆ 31. ಗಂಡ ಹೆಂಡತಿ ಇಬ್ಬರೂ ಸೇರಿ ಊರಲ್ಲಿ ಹೋಟೆಲ್ ನಡೆಸುತ್ತಿದ್ದವರು. ಅತ್ತೆಗೆ ಹೇಳಿದೆ. "ಸೋತ ಮಾರನೇ ದಿನ ಆವಯ್ಯ ಗಿರಾಕಿಗಳ ಮುಖ ಹೆಂಗೆ ನೋಡಿದನೋ" ಅಂದರು. ಅವರ ಚಿಂತೆ ಅದು.

ಹೀಗೆ ಗಂಡು ಹೆಣ್ಣು ಅದಲುಬದಲಾದ ಊರು ಇದೊಂದೇನಾ, ಇನ್ನೂ ಇದ್ದವಾ? ಗೊತ್ತಿದ್ದವರು ಹೇಳಿ.

ಒಗ್ಗರಣೆ:
ರೋಸಮ್ಮ ಯಾರಿಗೆ ವೋಟು ಹಾಕಿದಳು ಅನ್ನುವುದು ಬಿಡಿ. ಹೆನ್ರಿ ಯಾರಿಗೆ ಹಾಕಿದ? ನಾನಾಗಿದ್ದರೆ ಹೆಂಡತಿಗೇ ಹಾಕಿ, ಫಲಿತಾಂಶ ಬಂದ ಮೇಲೆ ಬಾಯಿಬಿಡುತ್ತಿದ್ದೆ. ಮೂರು ಹೊತ್ತು ಊಟಕ್ಕೆ ಮೋಸ ಇರುತ್ತಿರಲಿಲ್ಲ.

ಹಳೇಪೇಪರ್:
ಗಾಳಿಪಟ ಮೇಡಂ, ಒಳ್ಳೆಯ ವಿಷಯ ತೆಗೆದಿರಿ. ಸ್ವಲ್ಪ ಸೇರಿಸುತ್ತೇನೆ.

ಆ ಚುನಾವಣೆ ನಡೆದದ್ದು 1920ರ ಮೇ 11ರಂದು. ಅಮೆರಿಕದಾದ್ಯಂತ ಹೆಂಗಸರಿಗೆ ಮತದ ಹಕ್ಕು ಕೊಟ್ಟ ಸಂವಿಧಾನ ತಿದ್ದುಪಡಿ ಜಾರಿಗೆ ಬಂದದ್ದು ಅದೇ ವರ್ಷದ ಆಗಸ್ಟ್‌ನಲ್ಲಿ. ಅಂದರೆ ದೇಶದ ಎಷ್ಟೋ ಕಡೆ ಹೆಂಗಸರು ವೋಟು ಹಾಕುವ ಮೊದಲೇ ಇಲ್ಲಿ ಊರೇ ಅವರ ಕೈಗೆ ಬಂದಿತ್ತು. ವಯೋಮಿಂಗ್ ಹೆಂಗಸರಿಗೆ ಮತದಾನ ಹೊಸದೇನೂ ಅಲ್ಲ. 1869ರ ಡಿಸೆಂಬರ್ 10ರಿಂದಲೇ ಆ ಹಕ್ಕು ಇತ್ತು.

ಇನ್ನೊಂದು. ಆಗಿನ ಜನಗಣತಿಯಲ್ಲಿ ಜಾಕ್ಸನ್‌ನ ಜನಸಂಖ್ಯೆ 307. ನಮ್ಮಲ್ಲಿ ಒಂದು ಮದುವೆ ಊಟಕ್ಕೆ ಇದಕ್ಕಿಂತ ಜಾಸ್ತಿ ಜನ ಬರುತ್ತಾರೆ. ಹೆನ್ರಿಗೆ ಬಿದ್ದ 31 ಮತ ಕೇಳಿ ನಗುವವರು ಇದನ್ನು ನೆನಪಿಟ್ಟುಕೊಳ್ಳಿ.

ಲೆಕ್ಕಿಗ:
ಗೆದ್ದರು ಸರಿ. ಕೆಲಸ ಏನು ಮಾಡಿದರು? ಫೋಟೋ ತೆಗೆಸಿಕೊಂಡು ಮನೆಗೆ ಹೋದರಾ? ಪತ್ರಿಕೆಯವರಿಗೆ ಇಂಥದ್ದು ಮೊದಲ ದಿನ ಮಾತ್ರ ಬೇಕು.

ಗಾಳಿಪಟ:
ಲೆಕ್ಕಿಗ ಸರ್, ನೀವು ಕೇಳುತ್ತೀರಿ ಅಂತ ಗೊತ್ತಿತ್ತು. ಹುಡುಕಿ ಓದಿದೆ.

ಇವರು ಬಂದಾಗ ಊರಿನ ಖಜಾನೆಯಲ್ಲಿ ಇದ್ದದ್ದು 200 ಡಾಲರ್. ತೆರಿಗೆಯನ್ನು ಎಷ್ಟೋ ಜನ ಕಟ್ಟಿರಲಿಲ್ಲ, ಹಿಂದಿನವರು ಕೇಳಿರಲೂ ಇಲ್ಲ. ಕೇಳುವುದು ಹೇಗೆ? ಬಾಕಿ ಇಟ್ಟವನು ಸಂಜೆ ಇಸ್ಪೀಟಿಗೆ ಜೊತೆಗಾರ. ಇದು ನನ್ನ ಊಹೆ, ಆದರೆ ನೀವೇ ಹೇಳಿ, ತಪ್ಪಾ? ಈ ಹೆಂಗಸರು ಮನೆಮನೆಗೆ ಹೋಗಿ ಕೇಳಿದರು. ಎರಡು ವಾರದಲ್ಲಿ 2000 ಡಾಲರ್ ಆಯಿತು.

ಆಮೇಲೆ ಕೆಸರಿನ ರಸ್ತೆ ಸರಿಮಾಡಿಸಿದರು. ಮೋರಿ ಹಾಕಿಸಿದರು. ಕಸ ಎಲ್ಲೆಂದರಲ್ಲಿ ಎಸೆಯುವುದಕ್ಕೆ ತಡೆ ಹಾಕಿದರು. ಸ್ಮಶಾನಕ್ಕೆ ಸರಿಯಾದ ದಾರಿ ಮಾಡಿಸಿದರು. 1921ರಲ್ಲಿ ಮತ್ತೆ ನಿಂತು, ಮೊದಲಿಗಿಂತ ದೊಡ್ಡ ಅಂತರದಲ್ಲಿ ಗೆದ್ದರು. ಮೊದಲನೇ ಸಲ ತಮಾಷೆಗೆ ಹಾಕಿದ್ದರು ಅಂದುಕೊಳ್ಳೋಣ. ಎರಡನೇ ಸಲ?

ಲೆಕ್ಕಿಗ:
ಎರಡು ವಾರದಲ್ಲಿ ಹತ್ತರಷ್ಟು! ನಾನು 30 ವರ್ಷ ಕಂದಾಯದ ಕೆಲಸ ಮಾಡಿದವನು. ಮನೆಗಂದಾಯ ವಸೂಲಿಗೆ ಹೋದರೆ "ಯಜಮಾನರು ಊರಲ್ಲಿಲ್ಲ" ಅನ್ನುವ ಉತ್ತರ ಎಷ್ಟು ಸಲ ಕೇಳಿದ್ದೇನೋ. ಬಾಗಿಲು ತೆಗೆಯುತ್ತಿದ್ದವರು ಯಾವಾಗಲೂ ಹೆಂಗಸರು. ಯಜಮಾನರು ಹಿತ್ತಲಲ್ಲಿ. ಜಾಕ್ಸನ್‌ನಲ್ಲಿ ಬಾಗಿಲು ತಟ್ಟಿದವರೂ ಹೆಂಗಸರು, ತೆಗೆದವರೂ ಹೆಂಗಸರು. ಸುಳ್ಳು ಹೇಳಲು ಜಾಗವೇ ಇಲ್ಲ.

ಹಳೇಪೇಪರ್:
ಅವರು ಪೊಲೀಸ್ ಕೆಲಸಕ್ಕೂ ಹೆಣ್ಣುಮಗಳನ್ನೇ ಇಟ್ಟರು. ಪರ್ಲ್ ವಿಲಿಯಮ್ಸ್, ಇಪ್ಪತ್ತರ ಹರೆಯದವಳು. ಹುದ್ದೆಯ ಹೆಸರು ಟೌನ್ ಮಾರ್ಷಲ್. ಹೆಸರು ಕೇಳಿದರೆ ಸೊಂಟದಲ್ಲಿ ಪಿಸ್ತೂಲು, ಕುದುರೆ, ಧೂಳು ಎಲ್ಲಾ ಕಣ್ಣ ಮುಂದೆ ಬರುತ್ತೆ, ಅಲ್ವಾ? ಆಕೆಯ ದಿನದ ಕೆಲಸ ಬಹುಪಾಲು ಚೌಕದೊಳಗೆ ನುಗ್ಗುವ ಬಿಡಾಡಿ ದನಗಳನ್ನು ಓಡಿಸುವುದು.

ಪೂರ್ವದ ಕಡೆಯ ಪತ್ರಿಕೆಯವರಿಗೆ ಅದು ಬೇಕಿರಲಿಲ್ಲ. ಅವರಿಗೆ ಬಂದೂಕಿನ ಕಥೆ ಬೇಕು. ಒಬ್ಬ ವರದಿಗಾರ ಕೇಳಿದ್ದಕ್ಕೆ ಈಕೆ, ಮೂವರನ್ನು ಕೊಂದು ನಾನೇ ಹೂತಿದ್ದೇನೆ, ಆಮೇಲೆ ಯಾರದ್ದೂ ತಂಟೆಯಿಲ್ಲ ಅಂತ ಬಿಟ್ಟಳಂತೆ. ಅವನು ಬರೆದುಕೊಂಡು ಹೋದ.

ಒಗ್ಗರಣೆ:
ದನ ಹಿಡಿದು ಕೊಂಡವಾಡಕ್ಕೆ ಹಾಕುವುದು ಕಳ್ಳನನ್ನು ಹಿಡಿಯುವುದಕ್ಕಿಂತ ಕಷ್ಟ ಸ್ವಾಮಿ. ಕಳ್ಳನ ಹಿಂದೆ ಯಾರೂ ಬರುವುದಿಲ್ಲ. ದನದ ಹಿಂದೆ ಇಡೀ ಓಣಿ ಜಗಳಕ್ಕೆ ಬರುತ್ತೆ. ಮೂರು ಕೊಲೆ ಮಾಡಿದ್ದೇನೆ ಅಂತ ಹೇಳಿಕೊಂಡದ್ದು ದನದ ಮಾಲೀಕರಿಗೆ ಕೇಳಲಿ ಅಂತಲೇ ಇರಬೇಕು.

ಸಾಗರದಾಚೆ:
ಜಾಕ್ಸನ್‌ಗಿಂತ ಮೊದಲೇ ನಮ್ಮ ಒರೆಗಾನ್‌ನಲ್ಲಿ ಇದಕ್ಕಿಂತ ಖಾರದ್ದು ನಡೆದಿದೆ. ನಾನಿರುವುದು ಪೋರ್ಟ್‌ಲ್ಯಾಂಡ್. ಕೊಲಂಬಿಯಾ ನದಿ ದಂಡೆ ಹಿಡಿದು ಪೂರ್ವಕ್ಕೆ ಮೂರು ಗಂಟೆ ಕಾರಲ್ಲಿ ಹೋದರೆ ಉಮಟಿಲ್ಲಾ ಸಿಗುತ್ತೆ. ಆಗ ರೈಲಿನವರ ಸಣ್ಣ ಊರು.

1916ರ ಡಿಸೆಂಬರ್ 5, ಊರ ಚುನಾವಣೆ. ಮೇಯರ್ ಇ. ಇ. ಸ್ಟಾರ್ಚರ್. ಗಂಡಸರಿಗೆ ಚುನಾವಣೆ ಬಗ್ಗೆ ಆಸಕ್ತಿಯೇ ಇಲ್ಲ. ಹೇಗೂ ನಾವೇ ಅಂದುಕೊಂಡು ಆರಾಮಾಗಿದ್ದರು. ಅದಕ್ಕೆ ಮುಂಚೆ ಊರಿನ ಹೆಂಗಸರು ಇಸ್ಪೀಟಾಟದ ನೆಪದಲ್ಲಿ ಒಂದು ಮನೆಯಲ್ಲಿ ಸೇರಿದ್ದರು. ಎಲೆ ಹಾಕುತ್ತಾ ಹಾಕುತ್ತಾ ಇಡೀ ಊರಿಗೆ ಹೊಸ ಆಡಳಿತ ತೀರ್ಮಾನ ಮಾಡಿಬಿಟ್ಟರು. ಒಬ್ಬಳೂ ಗಂಡನಿಗೆ ಹೇಳಲಿಲ್ಲ. ಮತಪತ್ರದಲ್ಲಿ ಅಚ್ಚಾದ ಹೆಸರು ಬಿಟ್ಟು ಕೈಯಲ್ಲಿ ಹೆಸರು ಬರೆಯಬಹುದಲ್ಲ, ಆ ದಾರಿ ಹಿಡಿದರು.

ಎಣಿಸಿ ನೋಡಿದರೆ ಮೇಯರ್ ಲಾರಾ ಸ್ಟಾರ್ಚರ್. ಹೌದು, ಮೇಯರ್ ಸಾಹೇಬರ ಹೆಂಡತಿ. 26ಕ್ಕೆ 8! ಖಜಾಂಚಿ, ದಾಖಲೆ ಬರೆಯುವವರು, ನಾಲ್ಕು ಕೌನ್ಸಿಲ್ ಸೀಟು, ಅವೂ ಹೆಂಗಸರಿಗೇ.

ರೋಸ್ ಮತ್ತು ಹೆನ್ರಿಗೆ ಕನಿಷ್ಠ ಇಬ್ಬರೂ ಕಣದಲ್ಲಿದ್ದೇವೆ ಅನ್ನುವುದಾದರೂ ಗೊತ್ತಿತ್ತು. ಸ್ಟಾರ್ಚರ್ ಸಾಹೇಬರಿಗೆ ಎದುರಾಳಿ ತನ್ನ ಮನೆಯಲ್ಲೇ ಇದ್ದಾಳೆ ಅಂತ ಗೊತ್ತಾದದ್ದು ಸೋತ ಮೇಲೆ.

ಮಲೆನಾಡಮಳೆ:
ಒಂದು ಊರಿನ ಅಷ್ಟೂ ಹೆಂಗಸರು ಒಂದು ಗುಟ್ಟನ್ನು ಕಾಪಾಡಿದರು. ಹೆಂಗಸರ ಬಾಯಲ್ಲಿ ಮಾತು ನಿಲ್ಲುವುದಿಲ್ಲ ಅನ್ನುವವರು ಈ ಸಾಲನ್ನು ಎರಡು ಸಲ ಓದಿ.

ಒಗ್ಗರಣೆ:
ನಾನು ಮೂರು ಸಲ ಓದಿದೆ ಅಕ್ಕ. ನಮ್ಮ ಮನೆಯವರು ಶುಕ್ರವಾರ ಭಜನೆಗೆ ಅಂತ ಹೋಗುತ್ತಾರೆ. ಈಗ ಭಯ ಆಗುತ್ತಿದೆ.

ಕರಿಬೇವು:
ಇವೆಲ್ಲ ಕೊನೆಯ ಅಂಕ. ಅದಕ್ಕೂ ಮೊದಲು, ಹೆಂಗಸರೇ ಇಲ್ಲದ ಊರುಗಳಲ್ಲಿ ಗಂಡಸರು ಏನು ಮಾಡುತ್ತಿದ್ದರು ಅನ್ನುವುದು ಇನ್ನೂ ನಗು ಬರಿಸುತ್ತೆ.

1849ರಲ್ಲಿ ಚಿನ್ನ ಸಿಕ್ಕಿತು ಅಂತ ಕ್ಯಾಲಿಫೋರ್ನಿಯಾಗೆ ನುಗ್ಗಿದವರು ಹೆಚ್ಚೂಕಡಿಮೆ ಎಲ್ಲರೂ ಗಂಡಸರು. 1850ರ ಗಣತಿಯಲ್ಲಿ ನೂರಕ್ಕೆ ಹತ್ತು ಜನ ಹೆಂಗಸರೂ ಇರಲಿಲ್ಲ. ಗಣಿ ಇರುವ ಕಡೆ ಇನ್ನೂ ಕಡಿಮೆ. ಅಡುಗೆ, ಬಟ್ಟೆ, ಹರಿದದ್ದಕ್ಕೆ ಹೊಲಿಗೆ, ಎಲ್ಲ ಇವರೇ ಮಾಡಿಕೊಳ್ಳಬೇಕು. ಊರಲ್ಲಿ ಒಂದು ಲೋಟ ಎತ್ತಿಡದವನು ಇಲ್ಲಿ ಹಿಟ್ಟು ಕಲಸುತ್ತಾ ಕೂತ. ಬಟ್ಟೆ ಒಗೆಯುವುದು ಎಷ್ಟು ಬೇಸರ ಅಂದರೆ, ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಕೆಲವರು ಕೊಳೆ ಬಟ್ಟೆಯನ್ನು ಹಡಗಿನಲ್ಲಿ ಹವಾಯಿಗೂ ಚೀನಾದ ಕ್ಯಾಂಟನ್‌ಗೂ ಕಳಿಸುತ್ತಿದ್ದರು. ತಿಂಗಳುಗಟ್ಟಲೆ ಕಾದು, ಒಗೆದು ಬಂದ ಅಂಗಿ ಹಾಕಿಕೊಳ್ಳುವುದು. ಒಂದು ಬಕೀಟು ನೀರಲ್ಲಿ ನೆನೆಸಿದ್ದರೆ ಆಗುತ್ತಿತ್ತು!

ಇನ್ನು ಕುಣಿತ. ಜೋಡಿ ಕುಣಿತಕ್ಕೆ ಹೆಣ್ಣು ಬೇಕಲ್ಲ. ಅರ್ಧ ಜನ ತೋಳಿಗೆ ಕರ್ಚೀಫು ಕಟ್ಟಿಕೊಂಡು "ಹೆಂಗಸರು" ಆಗುತ್ತಿದ್ದರು. ಪ್ಯಾಂಟಿಗೆ ತೇಪೆ ಇದ್ದವನು ಹೆಣ್ಣು ಅನ್ನುವ ಲೆಕ್ಕವೂ ಕೆಲವು ಕಡೆ ಇತ್ತಂತೆ. ಗಡ್ಡ ಹಾಗೇ ಇರುತ್ತಿತ್ತು.

ನಾನು ಯಕ್ಷಗಾನದ ಊರಿನವನು. ಸ್ತ್ರೀವೇಷ ಅಂದರೆ ನಮಗೆ ವರ್ಷಗಟ್ಟಲೆ ಸಾಧನೆ. ನಡಿಗೆ, ಕತ್ತಿನ ಬಾಗು, ಕಣ್ಣು ಎಲ್ಲಾ ಕಲಿಯಬೇಕು. ಇವರು ಒಂದು ಕರ್ಚೀಫಲ್ಲಿ ಮುಗಿಸಿದ್ದಾರೆ.

ಗಾಳಿಪಟ:
ಕ್ಯಾಂಟನ್‌ಗೆ ಬಟ್ಟೆ! ಇದನ್ನು ನಮ್ಮ ಯಜಮಾನರಿಗೆ ಓದಿ ಹೇಳಿದೆ. "ಒಳ್ಳೇ ಐಡಿಯಾ" ಅಂದರು.

ಹಳೇಪೇಪರ್:
ಈ ಹೆಂಗಸರ ಕೊರತೆಯೇ ವಯೋಮಿಂಗ್‌ನ 1869ರ ಮತದ ಹಕ್ಕಿನ ಕಾನೂನಿನ ಹಿಂದೆಯೂ ಇತ್ತು. ಆಗ ವಯೋಮಿಂಗ್ ಇನ್ನೂ ರಾಜ್ಯವೂ ಅಲ್ಲ, ಟೆರಿಟರಿ, ಅಂದರೆ ಕೇಂದ್ರದ ಹಿಡಿತದಲ್ಲಿದ್ದ ಪ್ರದೇಶ. ಒಟ್ಟು ಜನ 9 ಸಾವಿರ ಚಿಲ್ಲರೆ, ಒಬ್ಬ ಹೆಂಗಸಿಗೆ ಆರು ಗಂಡಸರ ಲೆಕ್ಕ. ಮಸೂದೆ ತಂದವನು ವಿಲಿಯಂ ಬ್ರೈಟ್, ಸೌತ್ ಪಾಸ್ ಸಿಟಿ ಅನ್ನುವ ಚಿನ್ನದ ಗಣಿ ಊರಲ್ಲಿ ಸಾರಾಯಿ ಅಂಗಡಿ ಇಟ್ಟಿದ್ದವನು. ಯಾಕೆ ಪಾಸಾಯಿತು ಅನ್ನುವುದಕ್ಕೆ ಒಂದೇ ಕಾರಣ ಇಲ್ಲ. ಹೆಂಗಸರು ಬಂದು ನೆಲೆಸಲಿ, ಊರಿಗೆ ಪ್ರಚಾರ ಸಿಗಲಿ ಅಂತ ಕೆಲವರು. ನಿಜವಾಗಿ ನ್ಯಾಯ ಅನ್ನಿಸಿದವರು ಕೆಲವರು. ಗವರ್ನರ್ ಕ್ಯಾಂಪ್‌ಬೆಲ್ ಬೇರೆ ಪಕ್ಷದವನು, ಹೇಗೂ ತಳ್ಳಿಹಾಕುತ್ತಾನೆ, ಅವನಿಗೆ ಮುಜುಗರ ಆಗಲಿ ಅಂತ ಕೈ ಎತ್ತಿದವರೂ ಇದ್ದರಂತೆ. ಆ ಪುಣ್ಯಾತ್ಮ ಸಹಿ ಹಾಕಿಬಿಟ್ಟ.

ಮರುವರ್ಷ ಅದೇ ಸೌತ್ ಪಾಸ್ ಸಿಟಿಯಲ್ಲಿ ಎಸ್ತರ್ ಹೋಬಾರ್ಟ್ ಮಾರಿಸ್ ಎನ್ನುವವರನ್ನು ಜಸ್ಟಿಸ್ ಆಫ್ ದಿ ಪೀಸ್ ಮಾಡಿದರು. ಸಣ್ಣಪುಟ್ಟ ಮೊಕದ್ದಮೆ ತೀರ್ಮಾನ ಮಾಡುವ ನ್ಯಾಯಾಧೀಶೆ. ಅಮೆರಿಕದಲ್ಲೇ ಮೊದಲನೆಯವರು. ವಯಸ್ಸು 55, ಆರಡಿ ಎತ್ತರ. ಹೆಂಗಸರಿಗೆ ಹಕ್ಕು ಕೊಟ್ಟಿದ್ದನ್ನು ವಿರೋಧಿಸಿ ಹಿಂದಿನವನು ರಾಜೀನಾಮೆ ಕೊಟ್ಟಿದ್ದ. ಆಮೇಲೆ ಕೋರ್ಟಿನ ದಾಖಲೆ ಪುಸ್ತಕ ಕೊಡುವುದಿಲ್ಲ ಅಂತ ಜಗಳ. ಕೊನೆಗೆ ಈಯಮ್ಮ ಅವನ ಪುಸ್ತಕದ ಗೊಡವೆ ಬಿಟ್ಟು ಹೊಸ ಪುಸ್ತಕ ಶುರು ಮಾಡಿದರು. ಗಣಿ ಊರಿನ ಕುಡಿತ, ಹೊಡೆದಾಟ, ಸಾಲದ ಜಗಳ ಎಲ್ಲಾ ಎಂಟೂವರೆ ತಿಂಗಳು ಆ ಹೊಸ ಪುಸ್ತಕದಲ್ಲೇ ತೀರ್ಮಾನ ಆದವು.

ಒಗ್ಗರಣೆ:
ಚಾರ್ಜ್ ಕೊಡದೆ ಬೀರು ಬೀಗ ಜೇಬಿಗೆ ಹಾಕಿಕೊಂಡು ಹೋಗುವುದು ನಮ್ಮ ಕಚೇರಿಗಳ ಕಲೆ ಅಂದುಕೊಂಡಿದ್ದೆ. 1870ರಲ್ಲೇ ಇತ್ತಾ!

ಹಳೇಪೇಪರ್:
ಇದೇ ವರ್ಷದ ಇನ್ನೊಂದು ತಮಾಷೆ. 1870ರ ಮಾರ್ಚ್‌ನಲ್ಲಿ ವಯೋಮಿಂಗ್‌ನ ಲ್ಯಾರಮಿ ಊರಿನ ಕೋರ್ಟಿನಲ್ಲಿ ಹೆಂಗಸರನ್ನೂ ಜ್ಯೂರಿಯಲ್ಲಿ, ಅಂದರೆ ಮೊಕದ್ದಮೆ ಕೇಳಿ ತೀರ್ಪು ಹೇಳುವ ಸಾಮಾನ್ಯ ಜನರ ಗುಂಪಿನಲ್ಲಿ, ಕೂರಿಸಿದರು. ದೂರದ ಪತ್ರಿಕೆಗಳು ಮಗುವನ್ನು ತೊಡೆ ಮೇಲೆ ಹಾಕಿಕೊಂಡು ತೀರ್ಪು ಕೊಡುವ ತಾಯಂದಿರ ವ್ಯಂಗ್ಯಚಿತ್ರ ಹಾಕಿದವು. ಅಮ್ಮ ಜ್ಯೂರಿಗೆ ಹೋಗಿದ್ದಾಳೆ, ಅಳಬೇಡ ಕಂದಾ ಅನ್ನುವ ಧಾಟಿಯ ಪದ್ಯವೂ ಆಯಿತು. ಒಳಗೆ ಆದದ್ದು ಬೇರೆ. ಹೆಂಗಸರು ಬಂದ ಮೇಲೆ ಜ್ಯೂರಿ ಕೋಣೆಯಲ್ಲಿ ಕುಡಿತ, ಜೂಜು ನಿಂತವು. ಅಂದರೆ ಅಲ್ಲಿಯವರೆಗೆ ಒಬ್ಬನ ಜೀವ ತೂಗುತ್ತಿರುವಾಗ ಒಳಗೆ ಎಲೆ ಹಂಚುತ್ತಿದ್ದರು ಅಂತಾಯಿತು.

ಆ ಸೆಪ್ಟೆಂಬರ್ 6ರಂದು ಅದೇ ಲ್ಯಾರಮಿಯಲ್ಲಿ ಲೂಯಿಸಾ ಸ್ವೇನ್ ಅನ್ನುವ ಅಜ್ಜಿ ಬೆಳಗ್ಗೆ ಹಿಟ್ಟು ಹುದುಗಿಸುವ ಯೀಸ್ಟ್ ತರಲು ಕೈಯಲ್ಲಿ ಸಣ್ಣ ಪಾತ್ರೆ ಹಿಡಿದು ಹೊರಟವರು, ದಾರಿಯಲ್ಲಿ ಮತಗಟ್ಟೆಗೆ ಹೋಗಿ ವೋಟು ಹಾಕಿ ಬಂದರು. ಆ ಕಾನೂನಿನಡಿ ಹೆಂಗಸರ ಮೊದಲ ವೋಟು ಅಂತ ಮುಂದೆ ಅದೇ ಚರಿತ್ರೆಯಾಯಿತು.

ಮಲೆನಾಡಮಳೆ:
ಎಲ್ಲರೂ ನಕ್ಕಿದ್ದಾಯಿತು. ನಾನೂ ನಕ್ಕೆ. ಈಗ ಸ್ವಲ್ಪ ತಕರಾರು.

ಇದನ್ನು "ಗಂಡು ಹೆಣ್ಣು ಅದಲುಬದಲು" ಅಂತ ಹೇಳುತ್ತೀರಲ್ಲ, ಏನು ಅದಲುಬದಲಾಯಿತು? ಜಾಕ್ಸನ್ ಹೆಂಗಸರು ಮಾಡಿದ್ದೇನು? ಗುಡಿಸಿದರು. ಕಸ ತೆಗೆಸಿದರು. ಕೊಚ್ಚೆ ಹರಿಯಲು ದಾರಿ ಮಾಡಿದರು. ಬಾಕಿ ದುಡ್ಡು ಕೇಳಿ ತಂದು ಡಬ್ಬಿಗೆ ಹಾಕಿದರು. ದನ ಓಡಿಸಿದರು. ಮನೆಯಲ್ಲಿ ದಿನಾ ಮಾಡುತ್ತಿದ್ದದ್ದನ್ನೇ ಊರಿಗೂ ಮಾಡಿದರು. ಗ್ರೇಸ್ ಮಿಲ್ಲರ್ ಕೂಡ ಇದನ್ನೇ ಹೇಳಿದ್ದಾರೆ, ಮನೆಯಲ್ಲಿ ಹಿಡಿತದಲ್ಲಿ ಖರ್ಚು ಮಾಡುವ ರೀತಿಯನ್ನೇ ಊರಿಗೂ ತಂದೆವು ಅಂತ.

ಹೆಂಗಸರು ಗಂಡಸರ ಕುರ್ಚಿಯಲ್ಲಿ ಕೂತದ್ದು ಹೌದು. ಆದರೆ ಹೆನ್ರಿ ಅಡುಗೆಮನೆಗೆ ಹೋದನಾ? ಸ್ಟಾರ್ಚರ್ ಪಾತ್ರೆ ತೊಳೆದನಾ? ಕರಿಬೇವು ಹೇಳಿದ ಚಿನ್ನದ ಗಣಿಯವರೇ ನಿಜವಾಗಿ ಅದಲುಬದಲಾದವರು. ಅವರೂ ಹೆಂಗಸರು ಬಂದ ಕೂಡಲೇ ಕರ್ಚೀಫು ಬಿಚ್ಚಿದರು, ಹಿಟ್ಟಿನ ಕೈ ತೊಳೆದುಕೊಂಡರು.

ಲೆಕ್ಕಿಗ:
ಮಲೆನಾಡಮಳೆ ಅವರೇ, ಒಪ್ಪುತ್ತೇನೆ, ಅರ್ಧ. ಹಿಂದಿನ ಗಂಡಸರು ಊರನ್ನು ಮನೆ ಅಂದುಕೊಳ್ಳಲಿಲ್ಲ, ಕ್ಲಬ್ಬು ಅಂದುಕೊಂಡರು. ಉಮಟಿಲ್ಲಾದಲ್ಲಿ ಬೀದಿದೀಪದ ಬಿಲ್ಲು ಕಟ್ಟದೆ ದೀಪವೇ ಆರಿಹೋಗಿತ್ತು ಅಂತ ಓದಿದ್ದೇನೆ. ಬಿಲ್ಲು ಕಟ್ಟುವುದು ಹೆಂಗಸರ ಕೆಲಸ ಅಂತ ಯಾವ ಶಾಸ್ತ್ರದಲ್ಲಿದೆ? ಖಜಾನೆ ನೋಡಿಕೊಳ್ಳುವುದು ಎಲ್ಲಾ ಕಾಲದಲ್ಲೂ ಗಂಡಸರು ಮೀಸೆ ತಿರುವುತ್ತಾ ಇಟ್ಟುಕೊಂಡ ಕೆಲಸ. ಅದನ್ನು ಇವರು ಕಿತ್ತುಕೊಂಡರು. ಅದಕ್ಕೇ ಹೊಟ್ಟೆ ಉರಿದದ್ದು.

ಸಾಗರದಾಚೆ:
ದೀಪದ ವಿಷಯ ನಿಜ. ಹೊಸ ಕೌನ್ಸಿಲ್ ಬಂದು ದೀಪ ಹತ್ತಿಸಿತು, ಕಾಲುದಾರಿ ಸರಿ ಮಾಡಿಸಿತು. ಲಾರಾ ಸ್ಟಾರ್ಚರ್‌ಗೆ ಆರೋಗ್ಯ ಕೈಕೊಟ್ಟು ಪೂರ್ತಿ ಅವಧಿ ಇರಲಾಗಲಿಲ್ಲ. ಸ್ಟೆಲ್ಲಾ ಪೌಲು ಅನ್ನುವವರು ಮುಂದುವರಿಸಿದರು. 1920ರಲ್ಲಿ ಹೆಂಗಸರು ನಿಲ್ಲಲಿಲ್ಲ, ಊರು ಮತ್ತೆ ಗಂಡಸರ ಕೈಗೆ ಹೋಯಿತು. ಅಷ್ಟೆ. ದೊಡ್ಡ ಗಲಾಟೆ ಏನಿಲ್ಲ.

ಕರಿಬೇವು:
ಮಲೆನಾಡಮಳೆಯವರ ಮಾತಿಗೆ ನನ್ನದೊಂದು. ವಯೋಮಿಂಗ್ ಕಾನೂನು ಎಲ್ಲಾ ಹೆಂಗಸರಿಗೆ ಅಂತ ನಾವು ಹೇಳುತ್ತಿದ್ದೇವೆ. ಆ ನೆಲದಲ್ಲಿ ಅದಕ್ಕೂ ಮೊದಲಿಂದ ಇದ್ದ ಶೋಷೋನಿ, ಅರಪಾಹೋ ಹೆಂಗಸರಿಗೆ ಅದು ಇರಲಿಲ್ಲ. ಮೂಲ ನಿವಾಸಿಗಳೆಲ್ಲರನ್ನೂ ಪ್ರಜೆಗಳು ಅಂತ ಅಮೆರಿಕ ಒಪ್ಪಿಕೊಂಡದ್ದು 1924ರಲ್ಲಿ. ಫೋಟೋದಲ್ಲಿ ಐದೂ ಬಿಳಿಯ ಹೆಂಗಸರು ಯಾಕೆ ಅನ್ನುವುದಕ್ಕೆ ಇದೂ ಸೇರಲಿ.

ಮಲೆನಾಡಮಳೆ:
ಸೇರಲಿ. ಥ್ಯಾಂಕ್ಸ್.

ಹಳೇಪೇಪರ್:
ಗಂಡಸರೇ ಮಾಡಿದ ತಮಾಷೆ ಗಂಡಸರಿಗೇ ತಿರುಗಿಬಿದ್ದ ಕಥೆ ಇನ್ನೊಂದಿದೆ. ಅದು ಬಾರದೆ ಈ ಚರ್ಚೆ ಮುಗಿಯಬಾರದು.

ಕ್ಯಾನ್ಸಸ್ ರಾಜ್ಯದ ಅರ್ಗೋನಿಯಾ. ಐನೂರು ಜನರ ಊರು. 1887ರಲ್ಲಿ ಅಲ್ಲಿ ಹೆಂಗಸರಿಗೆ ಊರ ಚುನಾವಣೆಯಲ್ಲಿ ಮತದ ಹಕ್ಕು ಬಂತು. ಪಾನನಿಷೇಧದ ಹೆಂಗಸರ ಸಂಘ ಚುರುಕಾಗಿತ್ತು. ಅವರು ರಾಜಕೀಯಕ್ಕೆ ಇಳಿದದ್ದು ಕೆಲವು ಗಂಡಸರಿಗೆ ಸಹಿಸಲಿಲ್ಲ. ಸಂಘದ ಸೂಸಾನಾ ಸಾಲ್ಟರ್ ಎನ್ನುವ 27 ವರ್ಷದ ಗೃಹಿಣಿಯ ಹೆಸರನ್ನು ಅವರಿಗೆ ಹೇಳದೆ ಕೇಳದೆ ಮೇಯರ್ ಸ್ಥಾನಕ್ಕೆ ಅಚ್ಚು ಹಾಕಿಸಿಬಿಟ್ಟರು. ಆಗ ಹೆಸರನ್ನು ಮೊದಲೇ ಪ್ರಕಟಿಸಬೇಕು ಅಂತಿರಲಿಲ್ಲ. ಬೆರಳೆಣಿಕೆ ವೋಟು ಬೀಳುತ್ತೆ, ಎಲ್ಲರೆದುರು ಮುಖ ತಗ್ಗಿಸುತ್ತಾರೆ ಅಂತ ಲೆಕ್ಕ.

ಏಪ್ರಿಲ್ 4, ಬೆಳಗ್ಗೆ ಮತಪತ್ರದಲ್ಲಿ ಹೆಸರು ನೋಡಿ ಒಂದಷ್ಟು ಜನ ಅವರ ಮನೆಗೆ ಓಡಿದರು. ಈಯಮ್ಮ ಬಟ್ಟೆ ಒಗೆಯುತ್ತಿದ್ದರು. ಗೆದ್ದರೆ ಕೆಲಸ ಮಾಡುತ್ತೀರಾ ಅಂತ ಕೇಳಿದರು. ಮಾಡುತ್ತೇನೆ ಅಂದರು. ಸಂಜೆಗೆ ಮೂರರಲ್ಲಿ ಎರಡು ಪಾಲು ಮತ ಇವರಿಗೆ! ಅಮೆರಿಕದ ಮೊದಲ ಮಹಿಳಾ ಮೇಯರ್ ಅಂತ ಇವರ ಹೆಸರೇ ಹೇಳುತ್ತಾರೆ. ಒಂದು ವರ್ಷ ಕೆಲಸ ಮಾಡಿದರು, ಸಂಬಳ ಒಂದು ಡಾಲರ್. ಮತ್ತೆ ನಿಲ್ಲಲಿಲ್ಲ. 1961ರಲ್ಲಿ ತೀರಿಕೊಂಡಾಗ ವಯಸ್ಸು 101. ಆ ತಮಾಷೆ ಮಾಡಿದವರ ಹೆಸರು ಯಾರಿಗೆ ನೆನಪಿದೆ?

ಒಗ್ಗರಣೆ:
ಒಂದು ಡಾಲರ್ ಸಂಬಳ ಅಂದರೆ ಗಂಡಸರು ಯಾಕೆ ಬಿಟ್ಟುಕೊಟ್ಟರು ಅಂತ ಈಗ ಅರ್ಥ ಆಯಿತು.

ಆ ಕಾಲದ ಪತ್ರಿಕೆಗಳು ಇಂಥದ್ದಕ್ಕೆ "ಪೆಟಿಕೋಟ್ ಸರ್ಕಾರ" ಅನ್ನುತ್ತಿದ್ದವು. ನಮ್ಮಲ್ಲಿ ಲಂಗದ ಹೆಸರಲ್ಲಿ ಯಾವ ಸರ್ಕಾರಕ್ಕೂ ಬೈದದ್ದು ಕೇಳಿಲ್ಲ. ನಾವು ಗಂಡನಿಗೆ ಬೈಯುತ್ತೇವೆ, ಅಮ್ಮಾವ್ರ ಗಂಡ ಅಂತ.

ಮಲೆನಾಡಮಳೆ:
ಅಲ್ಲೇ ಇದೆ ನೋಡಿ ವ್ಯತ್ಯಾಸ. ಅಲ್ಲಿ ಹೆಂಡತಿ ಗೆದ್ದರೆ ಗಂಡ ಸೋತ. ನಮ್ಮಲ್ಲಿ ಹೆಂಡತಿ ಗೆದ್ದರೆ ಗಂಡ ಅಧ್ಯಕ್ಷ ಆಗುತ್ತಾನೆ. ಕರ್ನಾಟಕದಲ್ಲಿ 2010ರ ಚುನಾವಣೆಯಿಂದ ಪಂಚಾಯತಿಗಳಲ್ಲಿ ಅರ್ಧ ಸೀಟು ಹೆಂಗಸರಿಗೆ. ನಮ್ಮ ಊರ ಪಂಚಾಯತಿಗೆ ಒಂದು ಕಾಗದಕ್ಕೆ ಹೋದರೆ "ಅಧ್ಯಕ್ಷರು ಈಗ ಬರುತ್ತಾರೆ" ಅಂದರು. ಬುಲೆಟ್‌ನಲ್ಲಿ ಬಂದವರು ಅವರ ಯಜಮಾನರು. ಸಹಿಗೆ ಮಾತ್ರ ಅಕ್ಕನ ಮನೆಗೆ ಹೋಗಬೇಕಾಯಿತು. ಆಕೆ ರಾಗಿ ಒಣಗಿಸುತ್ತಿದ್ದಳು. ಹೆನ್ರಿ ಎಷ್ಟೋ ವಾಸಿ, ಸೋತೆ ಅಂತ ಒಪ್ಪಿಕೊಂಡನಲ್ಲ.

ಲೆಕ್ಕಿಗ:
ಎಲ್ಲಾ ಕಡೆ ಹಾಗಿಲ್ಲ ಮೇಡಂ. ನಾನು ಕೆಲಸ ಮಾಡಿದ ಒಂದು ಕಡೆ ಅಧ್ಯಕ್ಷೆ ಗಂಡನನ್ನು ಸಭೆಯ ಕೋಣೆಯಿಂದ ಎಬ್ಬಿಸಿ ಹೊರಗೆ ಕೂರಿಸಿದ್ದು ಕಣ್ಣಾರೆ ನೋಡಿದ್ದೇನೆ. ಟೀ ಮಾತ್ರ ಕಳಿಸಿದರು.

ಗಾಳಿಪಟ:
ಇಷ್ಟು ಹೊತ್ತು ಒಂದು ವಿಷಯ ಹೇಳಿರಲಿಲ್ಲ. ನಮ್ಮ ಅತ್ತೆ 1987ರಲ್ಲಿ ಮಂಡಲ ಪಂಚಾಯತಿ ಸದಸ್ಯೆಯಾಗಿದ್ದವರು. ಆಗ ನಜೀರ್ ಸಾಬರ ಕಾಲದ ಹೊಸ ಕಾನೂನು, ಹೆಂಗಸರಿಗೆ ಶೇಕಡಾ 25 ಮೀಸಲು.

ನಿನ್ನೆ ರಾತ್ರಿ ಅರ್ಗೋನಿಯಾದ ಕಥೆ ಓದಿ ಹೇಳಿದೆ. ಬಟ್ಟೆ ಒಗೆಯುತ್ತಿದ್ದರು ಅನ್ನುವಲ್ಲಿ ಅತ್ತೆ ನಕ್ಕರು. "ನಂಗೂ ಹಂಗೇ ಆಗಿದ್ದು. ರೊಟ್ಟಿ ತಟ್ಟುತಿದ್ದೆ" ಅಂದರು. ಊರ ಹಿರಿಯರು ಬಂದದ್ದು ಮಾವನನ್ನು ನಿಲ್ಲಿಸಲು. ಸೀಟು ಹೆಂಗಸರದ್ದು ಅಂತ ಗೊತ್ತಾಯಿತು. ಜಗುಲಿಯಲ್ಲೇ ಕೂತು ಮಾತಾಡಿ, ಒಳಗೆ ಕಾಗದ ಕಳಿಸಿದರಂತೆ, ಸುಮ್ನೆ ಒಂದು ಸಹಿ ಹಾಕಮ್ಮ ಅಂತ. ಹಿಟ್ಟಿನ ಕೈಯಲ್ಲೇ ಹಾಕಿದರು.

ಮೊದಲ ಎರಡು ಸಭೆಗೆ ಮಾವ ಜೊತೆಗೆ ಹೋದರು. ಮೂರನೆಯದಕ್ಕೆ ಅವರಿಗೆ ಜ್ವರ. ಅತ್ತೆ ಒಬ್ಬರೇ ಹೋಗಿ, ನಮ್ಮ ಕೇರಿಯ ಮೋರಿಗೆ ದುಡ್ಡು ಬಿಡುಗಡೆ ಆಗಿದೆ ಅಂತ ಬರೆದಿದ್ದೀರಿ, ಮೋರಿ ಎಲ್ಲಿ ಅಂತ ಕೇಳಿಬಿಟ್ಟರು. ಕೋಣೆ ಗಪ್‌ಚಿಪ್ ಆಯಿತಂತೆ. ಅಲ್ಲಿಂದ ಮುಂದೆ ಮಾವನಿಗೆ ಜ್ವರ ಇಳಿದ ಮೇಲೂ ಜೊತೆಗೆ ಕರೆಯಲಿಲ್ಲ.

ಮಲೆನಾಡಮಳೆ:
ಮೋರಿ ಆಯಿತಾ?

ಗಾಳಿಪಟ:
ಎಂಟು ತಿಂಗಳಿಗೆ ಆಯಿತು. ಮಾವ ಎದುರಿಗೆ ಬೈದುಕೊಂಡರೂ, ಕಲ್ಲು ಇಳಿಸುವ ದಿನ ಕೆಲಸದವರಿಗೆ ಮನೆಯಿಂದ ಟೀ ಮಾಡಿ ಕೊಟ್ಟದ್ದು ಅವರೇ ಅಂತೆ, ಅತ್ತೆ ಅಲ್ಲಿ ನಿಂತು ಅಳತೆ ನೋಡುತ್ತಿದ್ದರಿಂದ. ಮಲೆನಾಡಮಳೆ, ನಿಮ್ಮ ಪ್ರಶ್ನೆಗೆ ಒಂದು ಲೋಟ ಟೀ ಲೆಕ್ಕಕ್ಕೆ ಬರುತ್ತಾ?

ಮಲೆನಾಡಮಳೆ:
ಸಕ್ಕರೆ ಸರಿಯಾಗಿ ಹಾಕಿದ್ದರೆ ಬರುತ್ತೆ.

ಗಾಳಿಪಟ:
ಕೇಳಿದೆ. ಹಾಕೇ ಇರಲಿಲ್ಲವಂತೆ. ಮೋರಿ ಈಗಲೂ ಇದೆ. ಮಳೆಗಾಲದಲ್ಲಿ ಕಸ ಸಿಕ್ಕಿ ಕಟ್ಟಿಕೊಳ್ಳುತ್ತೆ. ಈ ಸಲ ಅತ್ತೆ ಡೆನ್ವರ್‌ನಿಂದಲೇ ಫೋನ್ ಮಾಡಿ, ಯಾರು ತೆಗೆಸುತ್ತೀರಿ ಅಂತ ಕೇಳುತ್ತಿದ್ದಾರೆ.